ಬೆಳ್ಳುಳ್ಳಿ ಸಾಹೇಬ

ಗಿರಗಾಂವಿನ ನಮ್ಮ ಔಷಧದಂಗಡಿಯ ಹಲಗೆ ಓದಿ
ದಿನಕ್ಕೊಬ್ಬರಾದರೂ ಕೇಳುತ್ತಾರೆ:
ಕ್ನೋಬ್ಲಾಖ್ ಅಂಡ್ ಸನ್ಸ್, ಯಾರಿವನು, ಪಾರ್ಸಿಯೇ? ಯಹೂದಿಯೇ?
ಚಿಲ್ಲರೆ ಎಣಿಸುತ್ತ ನಾನು ಹೇಳುವುದಿಷ್ಟೆ:
ನಮ್ಮ ಮುತ್ತಜ್ಜ.
ಸುಳ್ಳಲ್ಲ. ನಿಜವೂ ಅಲ್ಲ.

ನೆಕ್ಕರ್ ಹೊಳೆಯ ದಂಡೆಯ ಯಾವುದೋ ಊರು.
ಅಪ್ಪ ಮೇಣದಬತ್ತಿ ಎರೆಯುವವ.
ಹದಿನಾಲ್ಕಕ್ಕೇ ಔಷಧಗಾರನೊಬ್ಬನ ಒರಳಿಗೆ ಬಿದ್ದ ಹುಡುಗ
ಹನ್ನೆರಡು ವರ್ಷ ಕುಟ್ಟಿ, ಅರೆದು, ಸೋಸಿ
ಒಂದು ದಿನ ಹಡಗು ಹತ್ತಿದ.
ಪೆಟ್ಟಿಗೆಯಲ್ಲಿ ಎರಡು ಅಂಗಿ, ಒಂದು ಹಿತ್ತಾಳೆ ತಕ್ಕಡಿ,
ಬೈಬಲ್ಲಿಗಿಂತ ದಪ್ಪದ ಮದ್ದಿನ ಪುಸ್ತಕ.

ಮುಂಬಯಿಗೆ ಆಗ ಹತ್ತಿಯ ವಾಸನೆ, ಒಣಮೀನಿನ ವಾಸನೆ.
ಕಾಳಬಾದೇವಿಯಲ್ಲಿ ಎರಡು ಬಾಗಿಲ ಮಳಿಗೆ ಹಿಡಿದು
ಮೊದಲ ದಿನವೇ ಬರೆಸಿದ: ಅಂಡ್ ಸನ್ಸ್.
ಮದುವೆ ಕೂಡ ಆಗಿರಲಿಲ್ಲ.
ಬರೆಯುವವ ಕೇಳಿದನಂತೆ, 'ಎಷ್ಟು ಮಕ್ಕಳು ಸಾಹೇಬ?'
'ಬಣ್ಣ ಒಣಗಲಿ, ಬರುತ್ತಾರೆ.'

ಬಂದದ್ದು ಇಬ್ಬರು ಹೆಣ್ಣುಮಕ್ಕಳು, ಮತ್ತು
ಕುಮಟೆಯಿಂದ ಹತ್ತಿಯ ಮಚವೆಯಲ್ಲಿ ವಾಂತಿ ಮಾಡಿಕೊಳ್ಳುತ್ತ
ದೇವಪ್ಪ ಮಿರ್ಜಾನಕರ, ವಯಸ್ಸು ಹದಿಮೂರು,
ಬಾಟಲಿ ತೊಳೆಯಲಿಕ್ಕೆ.

ಒಂದು ಮಳೆಗಾಲ ಸಣ್ಣ ತೂಕದ ಬಟ್ಟುಗಳು ಕಳೆದುಹೋದವು.
ದೇವಪ್ಪ ಸೊಂಟದ ಗಂಟು ಬಿಚ್ಚಿ ಗುಲಗಂಜಿ ಸುರಿದ:
'ನಮ್ಮೂರ ಸೊನಗಾರರು ಇದರಲ್ಲೇ ಚಿನ್ನ ತೂಗುತ್ತಾರೆ.'
ಇರುಳಿಡೀ ಕೂತು ಇನ್ನೂರನ್ನೂ ಒಂದೊಂದಾಗಿ ತೂಗಿ
ಬೆಳಗ್ಗೆ ಸಾಹೇಬ ಅಂದ, 'ನೂರಾ ಹದಿನಾರು ಸುಳ್ಳುಬುರುಕರು.'
ಉಳಿದ ಎಂಬತ್ನಾಲ್ಕು ಗಾಜಿನ ಭರಣಿ ಸೇರಿದವು.

ಆವತ್ತೇ ಇರಬೇಕು ತನ್ನ ಹೆಸರಿನ ಅರ್ಥ ಹೇಳಿದ್ದು:
ಕ್ನೋಬ್ಲಾಖ್ ಎಂದರೆ ಬೆಳ್ಳುಳ್ಳಿ.
ಸೋಮವಾರದ ಒಪ್ಪೊತ್ತಿನ ಹುಡುಗ ನಕ್ಕೂ ನಕ್ಕೂ ಬಿಕ್ಕಳಿಸಿದ.
ಬೆಳ್ಳುಳ್ಳಿ ಮುಟ್ಟದ ಮುತ್ತಜ್ಜಿಯೂ ಮುಂದೆ
ಆ ಹೆಸರು ಹಿಡಿದೇ ಅವನನ್ನು ಬಯ್ಯುತ್ತಿದ್ದಳು.

ಓಮದ ಕಥೆ ಬೇರೆ.
ಮೂಟೆ ಮೂಟೆ ಓಮ ಹ್ಯಾಂಬುರ್ಗಿಗೆ ಹೋಗಿ, ಹರಳಾಗಿ,
ಬೆರಳುದ್ದದ ಸೀಸೆಯಲ್ಲಿ ಕೂತು
ಇದೇ ಬಂದರಿಗೆ ಮರಳುತ್ತಿತ್ತು, ದುಬಾರಿಯಾಗಿ.
'ಅಜ್ಜಿಯ ಡಬ್ಬಿಯದು ಊರು ಸುತ್ತಿ ಅಜ್ಜಿಗೇ ಮಾರಾಟ'
ಎಂದು ಗೊಣಗುತ್ತ ಮಾಜಗಾಂವಿನ ಷೆಡ್ಡಿನಲ್ಲಿ
ತಾಮ್ರದ ಭಟ್ಟಿ ಹೂಡಿದ. ಓಣಿಗೆಲ್ಲ ಘಾಟು.
ಸಾರಾಯಿ ಎಂದು ಪೊಲೀಸರು ಎರಡು ಸಲ ಬಂದರು;
ಎರಡನೆಯ ಸಲ ಹವಾಲ್ದಾರ ಹೊಟ್ಟೆನೋವಿಗೆ ಒಂದು ಸೀಸೆ ಒಯ್ದ.

ಪ್ಲೇಗಿನಲ್ಲೂ ಬಾಗಿಲು ಹಾಕದ ಅಂಗಡಿ ಇದೊಂದೇ
ಎನ್ನುವುದು ನಮ್ಮ ಮನೆಯ ಬಡಾಯಿ ಇರಬಹುದು.
ಹೆಂಡತಿ ಹೋದದ್ದು ಮಾತ್ರ ಲೆಕ್ಕದ ಪುಸ್ತಕದಲ್ಲಿದೆ:
ಆ ದಿನದ ವ್ಯಾಪಾರ ಸೊನ್ನೆ,
ಬದಿಗೆ, ಪೆನ್ಸಿಲಿನಲ್ಲಿ, ಡೊರೊಥೆಯಾ.

ಹದಿನಾಲ್ಕರಲ್ಲಿ ಯುದ್ಧ.
ಮುದುಕನನ್ನು ಮೊದಲು ಅಹ್ಮದ್‌ನಗರದ ತಂತಿಬೇಲಿಯೊಳಗಿಟ್ಟರು,
ಆಮೇಲೆ ಹಡಗು ಹತ್ತಿಸಿದರು.
ಮಳಿಗೆಗೆ ಅರಗಿನ ಮೊಹರು. ವೈರಿಯ ಸ್ವತ್ತು. ಹರಾಜು.
ಭಟ್ಟಿ ಒಬ್ಬ ಕೊಂಡ, ಕಪಾಟು ಇನ್ನೊಬ್ಬ.
ದೇವಪ್ಪ ಕೂಗಿದ್ದು ತಕ್ಕಡಿಗೆ ಮತ್ತು ಹಲಗೆಗೆ.
(ಭರಣಿಯನ್ನು ಯಾರೂ ಲೆಕ್ಕಕ್ಕೆ ಹಿಡಿಯಲಿಲ್ಲ.)
'ಹಲಗೆ ಯಾಕಯ್ಯಾ, ಉರುವಲಿಗೆ?' ಗುಮಾಸ್ತ ನಕ್ಕ.
ಆರು ರೂಪಾಯಿ ಎಂಟಾಣೆ.

ಯುದ್ಧ ಮುಗಿದ ಮೇಲೆ ಒಂದು ಕಾಗದ ಬಂತು.
ಕ್ಷೇಮ ಸಮಾಚಾರ ಏನೂ ಇಲ್ಲ:
'ಮಳೆಗಾಲಕ್ಕೆ ಮುಂಚೆ ಹಲಗೆಗೆ ಎಣ್ಣೆ ಹಚ್ಚು.
ಮೊದಲು ಸಿಪ್ಪೆಯೇಳುವುದು ಸನ್ಸ್ ಎಂಬ ಅಕ್ಷರ.'

ಹಚ್ಚುತ್ತ ಬಂದೆವು. ಈಗ ಹಚ್ಚುವವಳು ನಾನು,
ಈ ಮನೆಯ ಒಬ್ಬಳೇ ಮಗಳು.
ಭರಣಿಯಲ್ಲಿ ಎಪ್ಪತ್ತೊಂಬತ್ತು ಗುಲಗಂಜಿ ಉಳಿದಿವೆ.
ಐದನ್ನು ಕದ್ದವಳೂ ನಾನೇ,
ಏಳನೆಯ ವಯಸ್ಸಿನಲ್ಲಿ, ಗೊಂಬೆಯ ಕಣ್ಣಿಗೆಂದು.
ಐದನೆಯದು ಯಾಕೆ ಎಂದು ಈಗ ನೆನಪಿಲ್ಲ.